ನಟಿಸುತ್ತಲೇ ನಿರ್ದೇಶಿಸಬಹುದೇ, ನಿರ್ಮಿಸಬಹುದೇ?

ಪ್ರಶ್ನೆ: ಎಂಟು ವರ್ಷಗಳಿಂದ ಸಣ್ಣ ಬಜೆಟ್ಟಿನ ಸ್ವತಂತ್ರ ಚಿತ್ರಗಳಲ್ಲಿ ನಟಿಸುತ್ತಿದ್ದೇನೆ. ಎರಡು ಕಿರುಚಿತ್ರಗಳನ್ನು ನಿರ್ದೇಶಿಸಿದ್ದೇನೆ. ಈಗ ನಾನೇ ಬರೆದ ಪೂರ್ಣಪ್ರಮಾಣದ ಚಿತ್ರಕಥೆಯೊಂದನ್ನು ನಾನೇ ನಿರ್ದೇಶಿಸಿ, ಮುಖ್ಯ ಪಾತ್ರವನ್ನೂ ಮಾಡಿ, ನಿರ್ಮಾಣವನ್ನೂ ನೋಡಿಕೊಳ್ಳಬೇಕೆಂದು ಹೊರಟಿದ್ದೇನೆ. ಹಾಗೆ ಮಾಡಿದರೆ ಬೇರೆಯವರು ಪಾತ್ರ ಕೊಡುವುದನ್ನೇ ನಿಲ್ಲಿಸುತ್ತಾರೆ ಎಂದು ಕೆಲವರು ಹೆದರಿಸುತ್ತಿದ್ದಾರೆ. ಮೂರನ್ನೂ ಒಬ್ಬಳೇ ಮಾಡುವುದು ಸಾಧ್ಯವೇ? ಎಲ್ಲಿ ಎಚ್ಚರವಾಗಿರಬೇಕು? ಶೀರ್ಷಿಕೆಯಲ್ಲಿ ನನ್ನ ಹೆಸರು ಮೂರು ಕಡೆ ಬಂದರೆ ನೋಡುವವರಿಗೆ ಹೇಗೆ ಕಾಣುತ್ತದೆ?

ಉತ್ತರ: ಸಾಧ್ಯ. ಆದರೆ ನಿಮ್ಮ ಪ್ರಶ್ನೆಯಲ್ಲಿ ಎರಡು ಪ್ರಶ್ನೆಗಳು ಹೆಣೆದುಕೊಂಡಿವೆ. ಅವನ್ನು ಮೊದಲು ಬಿಡಿಸಿಕೊಳ್ಳೋಣ. ಒಬ್ಬ ನಟಿ ತನ್ನ ವೃತ್ತಿಬದುಕಿನಲ್ಲಿ ನಟನೆ, ನಿರ್ದೇಶನ, ನಿರ್ಮಾಣ ಮೂರನ್ನೂ ನಡೆಸಿಕೊಂಡು ಹೋಗಬಹುದೇ ಎಂಬುದು ಒಂದು. ಒಂದೇ ಚಿತ್ರದಲ್ಲಿ, ಅದೂ ಮೊದಲ ದೊಡ್ಡ ಚಿತ್ರದಲ್ಲಿ, ಮೂರನ್ನೂ ಹೊತ್ತುಕೊಳ್ಳಬೇಕೇ ಎಂಬುದು ಇನ್ನೊಂದು. ಮೊದಲನೆಯದಕ್ಕೆ ಚಿತ್ರರಂಗದ ಇತಿಹಾಸ ನೂರು ವರ್ಷಗಳಿಂದ ಹೌದು ಎಂದೇ ಹೇಳಿಕೊಂಡು ಬಂದಿದೆ. ಎರಡನೆಯದನ್ನು ಮಾತ್ರ ನೀವು ಇನ್ನೊಮ್ಮೆ ಕುಳಿತು ಯೋಚಿಸಬೇಕೆಂದು ನನಗೆ ಅನಿಸುತ್ತದೆ.

ಈ ದಾರಿಯಲ್ಲಿ ನಡೆದವರಲ್ಲಿ ನಾನು ಮತ್ತೆ ಮತ್ತೆ ನೆನೆಯುವ ಹೆಸರು ಐಡಾ ಲುಪಿನೊ ಅವರದು. 1940ರ ದಶಕದ ಹಾಲಿವುಡ್‌ನಲ್ಲಿ ಅವರು ಹೆಸರು ಮಾಡಿದ ನಟಿ. ಸ್ಟುಡಿಯೊ ಕೊಟ್ಟ ಪಾತ್ರ ಹಿಡಿಸದಿದ್ದರೆ ಬೇಡವೆನ್ನುತ್ತಿದ್ದರು. ಬೇಡವೆಂದಾಗಲೆಲ್ಲ ಸಂಬಳವಿಲ್ಲದೆ ಅಮಾನತಿನಲ್ಲಿರಬೇಕಾಗುತ್ತಿತ್ತು. ಆ ಖಾಲಿ ದಿನಗಳಲ್ಲಿ ಅವರು ಸೆಟ್ಟುಗಳಲ್ಲಿ ನಿಂತು ಬೇರೆಯವರು ಹೇಗೆ ನಿರ್ದೇಶಿಸುತ್ತಾರೆ, ಕ್ಯಾಮೆರಾ ಎಲ್ಲಿಡುತ್ತಾರೆ ಎಂದು ನೋಡಿ ಕಲಿತರು. 1949ರಲ್ಲಿ ತಮ್ಮದೇ ಸ್ವತಂತ್ರ ನಿರ್ಮಾಣಕ್ಕೆ ಇಳಿದಾಗ, ಆ ಚಿತ್ರಕ್ಕೆ ಗೊತ್ತುಮಾಡಿದ್ದ ನಿರ್ದೇಶಕ ಎಲ್ಮರ್ ಕ್ಲಿಫ್ಟನ್ ಹೃದಯಾಘಾತಕ್ಕೆ ಒಳಗಾದ್ದರಿಂದ ನಿರ್ದೇಶನದ ಹೊಣೆ ಅವರ ಹೆಗಲಿಗೇ ಬಂತು. ಅಲ್ಲಿಂದ 1953ರವರೆಗೆ ಅವರು ನಿರ್ದೇಶಿಸಿದ್ದು ಆರು ಕಥಾಚಿತ್ರಗಳನ್ನು. ಮದುವೆಯಾಗದೆ ತಾಯಿಯಾದವಳು, ಅತ್ಯಾಚಾರಕ್ಕೊಳಗಾದವಳು, ಪೋಲಿಯೊ ತಗುಲಿದ ನರ್ತಕಿ, ಇಬ್ಬರು ಹೆಂಡಿರ ನಡುವೆ ಬದುಕುವವನು, ಹೀಗೆ ದೊಡ್ಡ ಸ್ಟುಡಿಯೊಗಳು ಮುಟ್ಟಲು ಹಿಂಜರಿಯುತ್ತಿದ್ದ ವಿಷಯಗಳನ್ನೇ ಅವರು ಆರಿಸಿಕೊಂಡರು. ಆದರೆ ಈ ಆರರಲ್ಲಿ ಅವರು ಪ್ರಮುಖ ಪಾತ್ರ ವಹಿಸಿದ್ದು ಒಂದರಲ್ಲಿ ಮಾತ್ರ, ಅದೂ ಕೊನೆಯ ವರ್ಷದಲ್ಲಿ. ಇದೇ ಅವಧಿಯಲ್ಲಿ ಬೇರೆ ನಿರ್ದೇಶಕರ ಚಿತ್ರಗಳಲ್ಲಿ ನಟಿಸುತ್ತಲೇ ಇದ್ದರು. ಮೂರು ಕೆಲಸಗಳೂ ಅವರ ಬದುಕಿನಲ್ಲಿ ಒಟ್ಟಿಗೆ ನಡೆದವು, ಆದರೆ ಮೂರೂ ಒಂದೇ ಸೆಟ್ಟಿಗೆ ಬಂದದ್ದು ಅಪರೂಪಕ್ಕೆ.

ಇಂಥದೇ ವಿವೇಕವನ್ನು ಬೇರೆಡೆಯೂ ಕಾಣಬಹುದು. 1961ರಲ್ಲಿ ಸತ್ಯಜಿತ್ ರಾಯ್ ಅವರ ಕ್ಯಾಮೆರಾ ಎದುರು ಮೊದಲು ನಿಂತ ಅಪರ್ಣಾ ಸೇನ್, 1981ರಲ್ಲಿ ತಾವೇ ಬರೆದ ಕಥೆಯನ್ನು ಮೊದಲ ಬಾರಿಗೆ ನಿರ್ದೇಶಿಸಿದಾಗ ಚೌಕಟ್ಟಿನಿಂದ ಹೊರಗುಳಿದರು. ನಿರ್ಮಾಣವನ್ನು ಶಶಿ ಕಪೂರ್ ವಹಿಸಿಕೊಂಡರು, ಅತ್ಯುತ್ತಮ ನಿರ್ದೇಶನದ ರಾಷ್ಟ್ರಪ್ರಶಸ್ತಿ ಅಪರ್ಣಾ ಅವರಿಗೆ ಬಂತು, ತಮ್ಮ ನಿರ್ದೇಶನದಲ್ಲಿ ನಟಿಸಿದ್ದು ಆಮೇಲಿನ ಮಾತು. ಗ್ರೆಟಾ ಗರ್ವಿಗ್ ತೀರಾ ಕಡಿಮೆ ಖರ್ಚಿನ ಚಿತ್ರಗಳಲ್ಲಿ ನಟಿಸುತ್ತ, ಬರೆಯುತ್ತ, 2008ರಲ್ಲಿ ಒಂದನ್ನು ಇನ್ನೊಬ್ಬರ ಜತೆಗೂಡಿ ನಿರ್ದೇಶಿಸಿದರು. ಏಕಾಂಗಿಯಾಗಿ ನಿರ್ದೇಶಿಸಿದ ಮೊದಲ ಚಿತ್ರ ಬಂದದ್ದು 2017ರಲ್ಲಿ, ಮತ್ತು ಅದರಲ್ಲಿ ಅವರು ನಟಿಸಲಿಲ್ಲ. ನಡುವಿನ ಒಂಬತ್ತು ವರ್ಷ ವ್ಯರ್ಥವಾದವು ಎಂದು ಯಾರೂ ಹೇಳಲಾರರು.

ಹಾಗೆಂದು ಮೂರನ್ನೂ ಒಂದೇ ಚಿತ್ರದಲ್ಲಿ ಮಾಡಿ ಗೆದ್ದವರು ಇಲ್ಲವೆಂದಲ್ಲ. ಪಿ. ಭಾನುಮತಿ 1953ರಲ್ಲಿ ಒಂದೇ ಚಿತ್ರವನ್ನು ತೆಲುಗು, ತಮಿಳು, ಹಿಂದಿ ಮೂರು ಭಾಷೆಗಳಲ್ಲಿ ತೆಗೆದರು. ನಿರ್ದೇಶನವೂ ಅವರದೇ, ಮುಖ್ಯ ಪಾತ್ರವೂ ಅವರದೇ. ಆದರೆ ಅವರ ಬೆನ್ನಿಗೆ ಪತಿಯ ಜತೆ ಕಟ್ಟಿದ ಭರಣಿ ಎಂಬ ಸ್ವಂತ ಸಂಸ್ಥೆಯಿತ್ತು, ವರ್ಷಗಳಿಂದ ಜತೆಯಲ್ಲಿ ದುಡಿದ ತಂಡವಿತ್ತು. ನಿಮ್ಮ ಪರಿಸ್ಥಿತಿಗೆ ಹೆಚ್ಚು ಹತ್ತಿರವಾದದ್ದು ಬಾರ್ಬರಾ ಲೋಡನ್ ಅವರ ಕಥೆ. ಅಮೆರಿಕದ ರಂಗಭೂಮಿಯಲ್ಲಿ 1964ರಲ್ಲಿ ಟೋನಿ ಪ್ರಶಸ್ತಿ ಪಡೆದ ಈ ನಟಿ, ತಾವೇ ಬರೆದು, ನಿರ್ದೇಶಿಸಿ, ಮುಖ್ಯ ಪಾತ್ರ ಮಾಡಿದ ಚಿತ್ರವೊಂದನ್ನು ಬೆರಳೆಣಿಕೆಯ ತಂತ್ರಜ್ಞರೊಂದಿಗೆ 16 ಎಂ.ಎಂ. ಫಿಲ್ಮಿನಲ್ಲಿ ಚಿತ್ರಿಸಿದರು. 1970ರ ವೆನಿಸ್ ಚಿತ್ರೋತ್ಸವದಲ್ಲಿ ಅದಕ್ಕೆ ಪ್ರಶಸ್ತಿ ಬಂತು. ಆ ಚಿತ್ರ ನಿಂತದ್ದು ಎರಡು ಕಾರಣಗಳಿಂದ ಎಂದು ನಾನು ತಿಳಿದಿದ್ದೇನೆ. ಆ ಪಾತ್ರವನ್ನು ಅವರ ಹೊರತು ಇನ್ನೊಬ್ಬರು ಹಾಗೆ ಮಾಡಲಾರರು ಎಂಬುದು ಮೊದಲನೆಯದು. ಎರಡನೆಯದು, ಛಾಯಾಗ್ರಹಣ ಮತ್ತು ಸಂಕಲನ ಎರಡನ್ನೂ ಮಾಡಿದ ನಿಕೊಲಸ್ ಪ್ರೊಫೆರೆಸ್ ಎಂಬ ಒಬ್ಬರ ಕಣ್ಣನ್ನು ಅವರು ಪೂರ್ತಿಯಾಗಿ ನಂಬಿದ್ದರು. ಹಣ ಹೊಂದಿಸಿದವರು ಬೇರೆಯೇ ಇದ್ದರು. ದುಃಖದ ಸಂಗತಿಯೆಂದರೆ, ಆಮೇಲೆ ಇನ್ನೊಂದು ಪೂರ್ಣಪ್ರಮಾಣದ ಚಿತ್ರ ಮಾಡುವ ಅವಕಾಶ ಅವರಿಗೆ ಸಿಗಲಿಲ್ಲ. 1980ರಲ್ಲಿ, 48ನೆಯ ವಯಸ್ಸಿಗೆ ತೀರಿಕೊಂಡರು. ಪ್ರಶಸ್ತಿ ಬಂದ ಮೊದಲ ಚಿತ್ರವೂ ಎರಡನೆಯದಕ್ಕೆ ಖಾತರಿ ಕೊಡುವುದಿಲ್ಲ. ಆದ್ದರಿಂದ ಮೊದಲ ಚಿತ್ರ ಮಾಡುವಾಗಲೇ ಎರಡನೆಯದರ ದಾರಿ ಮುಚ್ಚಿಹೋಗದಂತೆ ನೋಡಿಕೊಳ್ಳಬೇಕು. ಮುಂದೆ ನಾನು ಹೇಳುವುದೆಲ್ಲ ಈ ಒಂದು ಕಾಳಜಿಯಿಂದಲೇ.

ಆದ್ದರಿಂದ ನೀವು ಮೊದಲು ಕೇಳಿಕೊಳ್ಳಬೇಕಾದ ಪ್ರಶ್ನೆ ಇದು: ಈ ಪಾತ್ರವನ್ನು ಇನ್ನೊಬ್ಬ ಒಳ್ಳೆಯ ನಟಿಗೆ ಕೊಟ್ಟರೆ ಚಿತ್ರ ಕೆಡುತ್ತದೆಯೇ? ಕೆಡುತ್ತದೆ ಎಂದು ನಿಮ್ಮ ಅಂತರಂಗ ಹೇಳಿದರೆ ನೀವೇ ಮಾಡಿ, ಹಿಂದೆ ಮುಂದೆ ನೋಡಬೇಡಿ. ಹಣ ಉಳಿಯುತ್ತದೆ, ಕಾಲ್‌ಶೀಟಿನ ತೊಂದರೆ ಇರುವುದಿಲ್ಲ ಎಂಬ ಕಾರಣಕ್ಕಾಗಿ ಮಾಡುವುದಾದರೆ ಬೇಡ, ಏಕೆಂದರೆ ಆ ಉಳಿತಾಯ ಬೇರೆ ಕಡೆ ಖರ್ಚಾಗಿಯೇ ತೀರುತ್ತದೆ.

ಎಲ್ಲಿ ಖರ್ಚಾಗುತ್ತದೆ ಎಂಬುದನ್ನು ಒಂದು ಚಿತ್ರೀಕರಣದ ಬೆಳಗನ್ನು ತೆಗೆದುಕೊಂಡು ಹೇಳುತ್ತೇನೆ. ಬರಿಯ ನಿರ್ದೇಶಕಿಯಾಗಿದ್ದರೆ ನೀವು ಆರು ಗಂಟೆಗೆ ಸೆಟ್ಟಿಗೆ ಬಂದು ಛಾಯಾಗ್ರಾಹಕರೊಂದಿಗೆ ಮೊದಲ ಶಾಟಿನ ಜಾಗ ನೋಡುತ್ತೀರಿ, ಬೆಳಕು ಕಟ್ಟುವಾಗ ಪಕ್ಕದಲ್ಲಿ ನಿಲ್ಲುತ್ತೀರಿ. ನಟಿಯೂ ಆಗಿದ್ದರೆ ಆ ಒಂದು ಗಂಟೆ ನೀವು ಮೇಕಪ್ ಕುರ್ಚಿಯಲ್ಲಿರುತ್ತೀರಿ. ಕಣ್ಣು ಮುಚ್ಚಿ ಕುಳಿತ ನಿಮ್ಮ ಬಳಿಗೆ ಒಬ್ಬರು ಬಂದು ಲೆನ್ಸ್ ಯಾವುದೆಂದು ಕೇಳುತ್ತಾರೆ, ಇನ್ನೊಬ್ಬರು ಬಾಗಿಲಿನ ಪರದೆಯ ಬಣ್ಣ ತೋರಿಸಲು ಬರುತ್ತಾರೆ, ಮೂರನೆಯವರು ಸಹನಟರ ಗಾಡಿ ತಡವಾಗಿದೆ ಎಂದು ಹೇಳಿಹೋಗುತ್ತಾರೆ. ನಿರ್ಮಾಪಕಿಯೂ ನೀವೇ ಆದ್ದರಿಂದ ಆ ಗಾಡಿಯ ಚಿಂತೆಯೂ ನಿಮ್ಮದೇ. ಏಳೂವರೆಗೆ ಕ್ಯಾಮೆರಾ ಎದುರು ನಿಂತಾಗ, ತಾಯಿಯ ಸಾವಿನ ಸುದ್ದಿ ಕೇಳಿದ ಮಗಳಾಗಿ ನೀವು ಸುಮ್ಮನೆ ಕುಳಿತಿರಬೇಕು ಎಂದಿಟ್ಟುಕೊಳ್ಳಿ. ಆ ಸುಮ್ಮನಿರುವಿಕೆ ಎಲ್ಲಿಂದ ಬರಬೇಕು?

ಇದಕ್ಕೆ ಪರಿಹಾರಗಳಿವೆ, ಅವು ಸರಳವಾದವೇ. ಛಾಯಾಗ್ರಾಹಕರೊಂದಿಗೆ ಪ್ರತಿ ದೃಶ್ಯದ ಶಾಟುಗಳನ್ನು ವಾರಗಳ ಮೊದಲೇ ಕುಳಿತು ನಿರ್ಧರಿಸಿಕೊಳ್ಳಿ, ಸಾಧ್ಯವಾದರೆ ಅದೇ ಜಾಗದಲ್ಲಿ ಮೊಬೈಲಿನಿಂದ ಚಿತ್ರಿಸಿಯೂ ನೋಡಿ. ನಿಮ್ಮ ಎತ್ತರದ, ನಿಮ್ಮ ಮೈಬಣ್ಣದ ಒಬ್ಬರನ್ನು ಬೆಳಕು ಕಟ್ಟುವಾಗ ನಿಮ್ಮ ಜಾಗದಲ್ಲಿ ನಿಲ್ಲಿಸಿ. ನಿಮ್ಮ ಕಠಿಣ ದೃಶ್ಯಗಳನ್ನು ಮೊದಲ ಮೂರು ದಿನಗಳಲ್ಲಿ ಇಟ್ಟುಕೊಳ್ಳಬೇಡಿ. ತಂಡ ಒಂದಕ್ಕೊಂದು ಹೊಂದಿಕೊಳ್ಳುವವರೆಗೆ ನೀವು ಕ್ಯಾಮೆರಾ ಹಿಂದೆಯೇ ಇರುವುದು ಒಳ್ಳೆಯದು. ಪ್ರತಿ ಟೇಕ್ ಆದಮೇಲೆ ಮಾನಿಟರಿಗೆ ಓಡಿ ಬಂದು ನೋಡುವ ಚಟವನ್ನು ಬಿಡಿ. ಅದರಿಂದ ದಿನಕ್ಕೆ ಒಂದು ಗಂಟೆಗೂ ಹೆಚ್ಚು ಹೊತ್ತು ಹೋಗುತ್ತದೆ, ಅದಕ್ಕಿಂತ ಹೆಚ್ಚಾಗಿ, ನಿಮ್ಮ ಮುಖವನ್ನು ನೀವೇ ನೋಡಿಕೊಂಡ ಮೇಲೆ ಮುಂದಿನ ಟೇಕಿನಲ್ಲಿ ನೀವು ಪಾತ್ರವನ್ನು ಬಿಟ್ಟು ಆ ಮುಖವನ್ನು ಸರಿಪಡಿಸಲು ಹೊರಡುತ್ತೀರಿ. ಬದಲಾಗಿ, ನಿಮ್ಮ ಅಭಿನಯವನ್ನು ನೋಡಿ ಸರಿಯಾಯಿತು ಅಥವಾ ಆಗಲಿಲ್ಲ ಎಂದು ಮುಲಾಜಿಲ್ಲದೆ ಹೇಳುವ ಒಬ್ಬರನ್ನು ಮಾನಿಟರಿನ ಮುಂದೆ ಕೂರಿಸಿ. ಅವರು ಸಹನಿರ್ದೇಶಕರಾಗಿರಬಹುದು, ಚಿತ್ರಕಥೆಯನ್ನು ಚೆನ್ನಾಗಿ ಬಲ್ಲ ಗೆಳತಿಯಾಗಿರಬಹುದು. ಒಬ್ಬರೇ ಇರಲಿ. ಮೂವರ ಅಭಿಪ್ರಾಯ ಕೇಳುವ ನಟಿ ಮೂರು ಬೇರೆ ಬೇರೆ ಅಭಿನಯಗಳನ್ನು ಕೊಡುತ್ತಾಳೆ.

ಸಂಕಲನದ ಕೋಣೆಯಲ್ಲಿ ನಾನು ಕಂಡದ್ದೊಂದನ್ನು ಇಲ್ಲಿ ಹೇಳಲೇಬೇಕು. ತಾನೇ ನಿರ್ದೇಶಿಸಿ ನಟಿಸಿದ್ದ ಒಬ್ಬರ ಚಿತ್ರವನ್ನು ನಾನು ಸಂಕಲಿಸುತ್ತಿದ್ದೆ. ಇಬ್ಬರು ಎದುರುಬದುರು ಕುಳಿತು ಮಾತಾಡುವ ದೃಶ್ಯ. ಏಳು ಟೇಕುಗಳಿದ್ದವು, ನೋಡಲು ಎಲ್ಲವೂ ಚೆನ್ನಾಗಿಯೇ ಇದ್ದವು, ಆದರೆ ಯಾವುದೂ ಮನಸ್ಸಿಗೆ ತಟ್ಟುತ್ತಿರಲಿಲ್ಲ. ಫ್ರೇಮಿನಿಂದ ಫ್ರೇಮಿಗೆ ನಿಧಾನವಾಗಿ ನಡೆಸಿ ನೋಡಿದಾಗ ಕಾರಣ ಸಿಕ್ಕಿತು. ಸಹನಟ ಮಾತು ಶುರುಮಾಡುವ ಮುನ್ನ ಆಕೆಯ ಕೆಳತುಟಿ ತುಸುವೇ ಅಲುಗುತ್ತಿತ್ತು. ಆತ ಹೇಳಬೇಕಾದ ಮಾತನ್ನು ಆಕೆ ತನ್ನೊಳಗೇ ಹೇಳಿಕೊಳ್ಳುತ್ತಿದ್ದರು, ಆತ ತಪ್ಪುತ್ತಾನೋ ಏನೋ ಎಂಬ ಆತಂಕದಿಂದ. ಪಾತ್ರ ಆ ಮಾತನ್ನು ಮೊದಲ ಬಾರಿಗೆ ಕೇಳಬೇಕಾಗಿತ್ತು, ನಿರ್ದೇಶಕಿಗೆ ಅದು ಬಾಯಿಪಾಠವಾಗಿತ್ತು. ಕೊನೆಗೆ ನಮಗೆ ಒದಗಿದ್ದು ಎಂಟನೆಯ ತುಣುಕು: ಸಹನಟ ಸಾಲು ಮರೆತು ತಡವರಿಸಿದ್ದ, ಹಾಳಾಯಿತೆಂದು ಬದಿಗಿಟ್ಟಿದ್ದ ಟೇಕ್. ಆತ ತಡವರಿಸಿದ ಆ ಎರಡು ಸೆಕೆಂಡು ಆಕೆ ನಿಜಕ್ಕೂ ಅವನ ಮುಖವನ್ನೇ ನೋಡುತ್ತಿದ್ದರು. ಆ ನೋಟವನ್ನಷ್ಟೇ ಎತ್ತಿಕೊಂಡು ಬೇರೆ ಟೇಕಿನ ಧ್ವನಿಗೆ ಹೊಂದಿಸಿದೆವು, ದೃಶ್ಯಕ್ಕೆ ಜೀವ ಬಂತು. ನಿಮಗೆ ಇದರಿಂದ ನಾನು ಹೇಳುವುದು ಇಷ್ಟು: ಹಾಳಾದ ಟೇಕುಗಳನ್ನು ಅಳಿಸಬೇಡಿ, ಮತ್ತು ಚಿತ್ರೀಕರಣ ಮುಗಿದ ಮೇಲೆ ಕೆಲವು ವಾರ ನಿಮ್ಮ ಮುಖ ನೋಡದೆ ಇದ್ದು, ಸಂಕಲನಕಾರರು ಮೊದಲ ರಫ್ ಕಟ್ ಕಟ್ಟಿದ ಮೇಲೆಯೇ ಕುಳಿತುಕೊಳ್ಳಿ. ಆ ಕಟ್ಟಿನಲ್ಲಿ ನಿಮ್ಮ ದೃಶ್ಯವೊಂದು ಬಿದ್ದುಹೋಗಿದ್ದರೆ ಅದನ್ನು ಮರಳಿ ಸೇರಿಸಲು ಕೇಳುವ ಮೊದಲು ಚಿತ್ರವನ್ನು ಇನ್ನೊಮ್ಮೆ ಪೂರ್ತಿ ನೋಡಿ.

ಇನ್ನು ನಿರ್ಮಾಣ. ನಟಿಯರು ಇದನ್ನು ಅನಿವಾರ್ಯ ಕರ್ಮವೆಂದು ತಿಳಿಯುತ್ತಾರೆ. ನನ್ನ ದೃಷ್ಟಿಯಲ್ಲಿ ನಿಮ್ಮ ಮೂರು ಕೆಲಸಗಳಲ್ಲಿ ಯಾವ ಕಾರಣಕ್ಕೂ ಬಿಟ್ಟುಕೊಡಬಾರದ್ದು ಇದೇ, ಏಕೆಂದರೆ ಚಿತ್ರದ ಹಕ್ಕು ಯಾರ ಹೆಸರಿನಲ್ಲಿದೆಯೋ ಕೊನೆಯ ಮಾತು ಅವರದು. ಮೇರಿ ಪಿಕ್‌ಫರ್ಡ್ ಇದನ್ನು ಬಹಳ ಬೇಗ ಅರಿತಿದ್ದರು. ಮೂಕಿಚಿತ್ರಗಳ ಕಾಲದ ಆ ನಟಿ 1916ರಲ್ಲೇ ಲಾಭದ ಪಾಲು ಮತ್ತು ತಮ್ಮದೇ ನಿರ್ಮಾಣ ಘಟಕವನ್ನು ಕರಾರಿನಲ್ಲಿ ಬರೆಸಿಕೊಂಡರು. 1919ರಲ್ಲಿ ಚಾಪ್ಲಿನ್, ಫೇರ್‌ಬ್ಯಾಂಕ್ಸ್, ಗ್ರಿಫಿತ್ ಜತೆಗೂಡಿ ಯುನೈಟೆಡ್ ಆರ್ಟಿಸ್ಟ್ಸ್ ಎಂಬ ವಿತರಣಾ ಸಂಸ್ಥೆಯನ್ನೇ ಕಟ್ಟಿದರು. ಆದರೆ ಅವರಿಗೆ ಸಾಧ್ಯವಾದದ್ದು ಎಲ್ಲರಿಗೂ ಸಾಧ್ಯವಾಗುವುದಿಲ್ಲ. ಲುಪಿನೊ ಅವರ ಸಂಸ್ಥೆ, ಅವರೇ ಬೇಡವೆಂದರೂ, ತನ್ನ ಚಿತ್ರಗಳ ವಿತರಣೆಗೆ ತಾನೇ ಇಳಿದು 1950ರ ದಶಕದ ನಡುವಿನಲ್ಲಿ ಮುಚ್ಚಿಹೋಯಿತು. ಚಿತ್ರದ ಒಡೆತನ ಇಟ್ಟುಕೊಳ್ಳಿ, ವಿತರಣೆಯನ್ನು ಬಲ್ಲವರಿಗೆ ಬಿಡಿ ಎಂಬುದು ಈ ಎರಡು ಕಥೆಗಳಿಂದ ನಾನು ಕಲಿತ ಪಾಠ.

ಒಡೆತನವೆಂದರೆ ಕಾಗದಪತ್ರ. ಚಿತ್ರಕಥೆಯಲ್ಲಿ ಯಾರಾದರೂ ಕೈಜೋಡಿಸಿದ್ದರೆ ಅವರಿಂದ, ಪ್ರತಿಯೊಬ್ಬ ನಟರಿಂದ, ಸಂಗೀತ ನಿರ್ದೇಶಕರಿಂದ, ಛಾಯಾಗ್ರಾಹಕರಿಂದ ಚಿತ್ರೀಕರಣದ ಮೊದಲ ದಿನಕ್ಕೆ ಮುನ್ನವೇ ಸಹಿಯಾದ ಕರಾರು ನಿಮ್ಮ ಕೈಯಲ್ಲಿರಬೇಕು. ಗೆಳೆಯರ ನಡುವೆ ಕಾಗದವೇಕೆ ಎಂದು ಸಂಕೋಚಪಡಬೇಡಿ. ಚಿತ್ರವನ್ನು ಕೊಳ್ಳಲು ಬರುವ ಸಂಸ್ಥೆ ಮೊದಲು ಕೇಳುವುದೇ ಈ ಹಕ್ಕುಪತ್ರಗಳ ಸರಪಳಿಯನ್ನು, ಅದರಲ್ಲಿ ಒಂದು ಕೊಂಡಿ ಇಲ್ಲದಿದ್ದರೂ ಮಾತುಕತೆ ಅಲ್ಲಿಗೆ ನಿಲ್ಲುತ್ತದೆ. ಸಂಗೀತದ ವಿಷಯದಲ್ಲಿ ಇನ್ನೊಂದು ಎಚ್ಚರಿಕೆ ಬೇಕು. ಬೇರೆಯವರ ಹಾಡೊಂದನ್ನು ಚಿತ್ರೋತ್ಸವದ ಪ್ರದರ್ಶನಕ್ಕೆ ಮಾತ್ರ ಎಂದು ಕಡಿಮೆ ಹಣಕ್ಕೆ ಪಡೆದಿದ್ದರೆ, ಒಟಿಟಿಗೆ ಮಾರುವಾಗ ಆ ಪರವಾನಗಿ ಉಪಯೋಗಕ್ಕೆ ಬರುವುದಿಲ್ಲ. ಆಗ ಆ ಹಾಡನ್ನು ಕಿತ್ತು ದೃಶ್ಯವನ್ನು ಹೊಸದಾಗಿ ಕಟ್ಟಬೇಕಾಗುತ್ತದೆ.

ಬಜೆಟ್ಟಿನಲ್ಲಿ ನಟಿ-ನಿರ್ದೇಶಕಿಯರು ಬಹುತೇಕ ಎಲ್ಲರೂ ಮಾಡುವ ತಪ್ಪೊಂದಿದೆ. ನಟನೆಗೆ, ನಿರ್ದೇಶನಕ್ಕೆ, ಬರವಣಿಗೆಗೆ ತಮ್ಮ ಹೆಸರಿನ ಎದುರು ಸೊನ್ನೆ ಬರೆಯುತ್ತಾರೆ. ದಯವಿಟ್ಟು ಹಾಗೆ ಮಾಡಬೇಡಿ. ಆ ಹಣ ಈಗ ಕೈಗೆ ಬರದಿದ್ದರೂ, ಮುಂದೆ ಚಿತ್ರ ಗಳಿಸಿದಾಗ ಕೊಡತಕ್ಕದ್ದು ಎಂದು ಮೂರು ಬೇರೆ ಬೇರೆ ಸಾಲುಗಳಲ್ಲಿ ಬರೆಯಿರಿ. ಸೊನ್ನೆ ಬರೆದರೆ ಹಣ ಹಾಕುವವರಿಗೆ ಚಿತ್ರದ ನಿಜವಾದ ವೆಚ್ಚ ತಿಳಿಯುವುದಿಲ್ಲ, ಎರಡನೆಯ ಚಿತ್ರವನ್ನೂ ಅಷ್ಟರಲ್ಲೇ ಮಾಡಿಕೊಡಿ ಎನ್ನುತ್ತಾರೆ, ಮತ್ತು ನಿಮ್ಮ ಮೂರು ವರ್ಷಗಳ ದುಡಿಮೆಗೆ ಎಲ್ಲಿಯೂ ದಾಖಲೆ ಇರುವುದಿಲ್ಲ. ಹಾಗೆಯೇ, ಚಿತ್ರ ಗಳಿಸಿದ ಹಣ ಯಾವ ಕ್ರಮದಲ್ಲಿ ಹರಿಯುತ್ತದೆ ಎಂಬುದನ್ನು ಮೊದಲೇ ಅರಿತಿರಿ. ಸಾಮಾನ್ಯವಾಗಿ ವಿತರಕರ ಕಮಿಷನ್ ಮೊದಲು, ಪ್ರಚಾರದ ಖರ್ಚು ಅನಂತರ, ಹೂಡಿಕೆದಾರರ ಬಂಡವಾಳ ಆಮೇಲೆ. ಮುಂದೂಡಿದ ಸಂಭಾವನೆಗಳು ಅದಾದ ಮೇಲೆ, ಲಾಭದ ಹಂಚಿಕೆ ಎಲ್ಲಕ್ಕಿಂತ ಕೊನೆಗೆ. ನಿಮ್ಮ ಪಾಲಿನ ಹಣ ಸರದಿಯ ತುದಿಯಲ್ಲಿ ನಿಂತಿರುತ್ತದೆ. ಆದ್ದರಿಂದಲೇ ಇರುವ ಮನೆಯನ್ನು, ಮನೆಯವರ ಉಳಿತಾಯವನ್ನು ಒತ್ತೆಯಿಟ್ಟು ಚಿತ್ರ ತೆಗೆಯಬೇಡಿ ಎಂದು ನಾನು ಕೈಮುಗಿದು ಕೇಳಿಕೊಳ್ಳುತ್ತೇನೆ.

ಬಜೆಟ್ಟಿನ ಶೇ. 10ರಷ್ಟನ್ನು ಅನಿರೀಕ್ಷಿತ ಖರ್ಚಿಗೆಂದು ಎತ್ತಿಡುವುದು ಎಲ್ಲೆಡೆ ನಡೆದುಬಂದ ಪದ್ಧತಿ, ಅದನ್ನು ಮುರಿಯಬೇಡಿ. ಚಿತ್ರೀಕರಣದ ನಂತರದ ಸಂಕಲನ, ಧ್ವನಿ ಮುಂತಾದ ಪೋಸ್ಟ್ ಪ್ರೊಡಕ್ಷನ್ ಕೆಲಸಗಳ ಹಣವನ್ನು ಬೇರೆ ಖಾತೆಯಲ್ಲಿಟ್ಟು ಚಿತ್ರೀಕರಣ ಮುಗಿಯುವವರೆಗೆ ಮುಟ್ಟಬೇಡಿ. ಚಿತ್ರವನ್ನು ಕೊಳ್ಳುವವರು ಡಿಸಿಪಿ ಎಂಬ ಚಿತ್ರಮಂದಿರದ ಡಿಜಿಟಲ್ ಪ್ರತಿ, ಸಬ್‌ಟೈಟಲ್, ಮಾತನ್ನು ಹೊರತುಪಡಿಸಿದ ಸಂಗೀತ ಮತ್ತು ಪರಿಣಾಮಧ್ವನಿಯ ಪ್ರತ್ಯೇಕ ಟ್ರ್ಯಾಕ್, ಸೆಟ್ಟಿನಲ್ಲಿ ಫೋಟೋಗ್ರಾಫರ್ ತೆಗೆದ ಒಳ್ಳೆಯ ಸ್ಥಿರಚಿತ್ರಗಳು, ಇವೆಲ್ಲವನ್ನೂ ಕೇಳುತ್ತಾರೆ. ಈ ಕೊನೆಯದನ್ನು ಸಣ್ಣ ಚಿತ್ರಗಳವರು ಮರೆತೇಬಿಡುತ್ತಾರೆ, ಆಮೇಲೆ ವಿಡಿಯೊದಿಂದ ಒಂದು ಫ್ರೇಮ್ ತೆಗೆದುಕೊಟ್ಟು ಪತ್ರಿಕೆಗಳಲ್ಲಿ ಮಸುಕಾದ ಚಿತ್ರ ಅಚ್ಚಾಗುತ್ತದೆ. ದೊಡ್ಡ ಚಿತ್ರೋತ್ಸವಗಳು ಮೊದಲ ಪ್ರದರ್ಶನ ತಮ್ಮಲ್ಲೇ ಆಗಬೇಕೆಂದು ಬಯಸುವುದರಿಂದ, ಎಲ್ಲಿಗೆ ಮೊದಲು ಕಳುಹಿಸಬೇಕು ಎಂಬುದನ್ನು ಅವಸರವಿಲ್ಲದೆ ತೀರ್ಮಾನಿಸಿ.

ಒಡೆತನ ನಿಮ್ಮದಾಗಿರಲಿ ಎಂದ ಮಾತ್ರಕ್ಕೆ ನಿರ್ಮಾಣದ ದಿನನಿತ್ಯದ ಓಡಾಟವೂ ನಿಮ್ಮದೇ ಆಗಬೇಕೆಂದಿಲ್ಲ. ಚಿತ್ರೀಕರಣದ ದಿನಗಳ ಮಟ್ಟಿಗೆ ಒಬ್ಬ ಅನುಭವಸ್ಥ ಲೈನ್ ಪ್ರೊಡ್ಯೂಸರ್ ಇರಲಿ, ಅವರಿಗೆ ನಿಮಗೇ ಬೇಡವೆನ್ನುವ ಅಧಿಕಾರವನ್ನು ಬರೆದುಕೊಡಿ. ಸಂಜೆಯ ಬೆಳಕಿಗಾಗಿ ಇನ್ನೊಂದು ದಿನ ಬೇಕೆಂದು ನಿರ್ದೇಶಕಿಯಾದ ನೀವು ಹಟ ಹಿಡಿದಾಗ, ನಿರ್ಮಾಪಕಿಯಾದ ನೀವು ಅದನ್ನು ತಡೆಯಲಾರಿರಿ.

ಪಾತ್ರಗಳು ನಿಂತುಹೋಗುತ್ತವೆ ಎಂಬ ಭಯದ ಬಗ್ಗೆ. ಜಪಾನಿನ ಕಿನುಯೊ ತನಾಕಾ ಬಹಳ ದೊಡ್ಡ ನಟಿ. 1953ರಿಂದ 1962ರವರೆಗೆ ಆರು ಚಿತ್ರಗಳನ್ನು ನಿರ್ದೇಶಿಸಿದರು. ಮೊದಲನೆಯದು ಕಾನ್ ಚಿತ್ರೋತ್ಸವದ ಸ್ಪರ್ಧೆಗೆ ಹೋಯಿತು, ಎರಡನೆಯದರ ಚಿತ್ರಕಥೆಯಲ್ಲಿ ಓಜು ಅವರಂಥ ನಿರ್ದೇಶಕರು ಕೈಜೋಡಿಸಿದರು. ಈ ಎಲ್ಲ ವರ್ಷಗಳಲ್ಲೂ ಅವರು ಬೇರೆಯವರ ಚಿತ್ರಗಳಲ್ಲಿ ನಟಿಸಿದರು, ಆಮೇಲೂ ನಟಿಸಿದರು, 1975ರಲ್ಲಿ ಬರ್ಲಿನ್‌ನಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ ಪಡೆದರು. ಪಾತ್ರ ನಿಲ್ಲುವುದಕ್ಕೆ ಕಾರಣ ಹೆಚ್ಚಾಗಿ ದ್ವೇಷವಲ್ಲ, ಆಕೆ ತನ್ನ ಚಿತ್ರದಲ್ಲಿ ಮುಳುಗಿದ್ದಾಳೆ, ಬರುವುದಿಲ್ಲ ಎಂಬ ಊಹೆ. ಪೋಸ್ಟ್ ಪ್ರೊಡಕ್ಷನ್ ಆರಂಭವಾದ ವಾರವೇ ನೀವು ಮೊದಲು ಕೆಲಸ ಮಾಡಿದ ನಿರ್ದೇಶಕರಿಗೆ ಫೋನ್ ಮಾಡಿ, ಯಾವ ತಿಂಗಳಿಂದ ಬಿಡುವಿದೆ ಎಂದು ತಿಳಿಸಿ, ಚಿಕ್ಕ ಪಾತ್ರವಾದರೂ ಒಪ್ಪಿಕೊಳ್ಳಿ. ಅವರ ಸೆಟ್ಟಿನಲ್ಲಿ ಶಾಟ್ ಹೇಗಿರಬೇಕೆಂದು ಸಲಹೆ ಕೊಡಲು ಹೋಗಬೇಡಿ, ಕೇಳಿದರೆ ಮಾತ್ರ ಹೇಳಿ. ನಿರ್ಧಾರಗಳ ಭಾರವಿಲ್ಲದೆ ಬರಿಯ ನಟಿಯಾಗಿ ಕೆಲವು ದಿನ ಕಳೆಯುವುದು ನಿಮಗೂ ಬೇಕಾಗಿರುತ್ತದೆ.

ಕೊನೆಯದಾಗಿ ಶೀರ್ಷಿಕೆಯ ವಿಷಯ. 1949ರ ಆ ಮೊದಲ ಚಿತ್ರವನ್ನು ನಿರ್ದೇಶಿಸಿದ ಲುಪಿನೊ, ಕಾಯಿಲೆಬಿದ್ದ ಹಿರಿಯರ ಹೆಸರನ್ನೇ ನಿರ್ದೇಶಕರೆಂದು ಉಳಿಸಿದರು. ಅದು ಅವರ ದೊಡ್ಡ ಮನಸ್ಸು, ಸನ್ನಿವೇಶವೂ ಅಂಥದಿತ್ತು. ನಿಮ್ಮ ಸನ್ನಿವೇಶ ಅದಲ್ಲ. ಮೂರು ಕೆಲಸ ಮಾಡಿದ್ದರೆ ಮೂರು ಕಡೆಯೂ ಹೆಸರು ಬರಲಿ, ಒಂದನ್ನೂ ಸಂಕೋಚದಿಂದ ಬಿಡಬೇಡಿ. ಮುಂದಿನ ಚಿತ್ರಕ್ಕೆ ಹಣ ಕೊಡುವವರು ನಿಮ್ಮ ಹೆಸರಿನ ಎದುರು ಹುಡುಕುವುದು ಆ ದಾಖಲೆಯನ್ನೇ. ಮಾಡದ ಕೆಲಸಕ್ಕೆ ಮಾತ್ರ ಹಾಕಿಕೊಳ್ಳಬೇಡಿ: ಲೈನ್ ಪ್ರೊಡ್ಯೂಸರ್ ಹಗಲಿರುಳು ದುಡಿದಿದ್ದರೆ, ಮಾನಿಟರಿನ ಮುಂದೆ ಕುಳಿತು ನಿಮ್ಮ ಅಭಿನಯವನ್ನು ಕಾಯ್ದವರಿದ್ದರೆ, ಅವರ ಹೆಸರುಗಳು ಕೊನೆಯ ಉರುಳುವ ಪಟ್ಟಿಯಲ್ಲಿ ಕಳೆದುಹೋಗದೆ ಆರಂಭದ ಶೀರ್ಷಿಕೆಯಲ್ಲೇ ನಿಮ್ಮ ಹೆಸರಿನಷ್ಟೇ ಅಕ್ಷರದ ಗಾತ್ರದಲ್ಲಿ ಬರಲಿ, ಮತ್ತು ಅದನ್ನು ಅವರ ಕರಾರಿನಲ್ಲಿ ಈಗಲೇ ಬರೆದುಬಿಡಿ.